ನನ್ನ ರೋಗ, ತಂಗಿಯ ಬಸಿರು

ನನ್ನ ಎಡಗಾಲು ಮೊಣಕಾಲಿನಲ್ಲಿ ಪೂರ್ತಿ ನೆಟ್ಟಗಾಗುವುದಿಲ್ಲ. ಕೇಳಿದವರಿಗೆಲ್ಲ ನಮ್ಮ ಮನೆಯವರು ಬಹಳ ವರ್ಷ ಪೋಲಿಯೊ ಎಂದೇ ಹೇಳಿದರು. ಪೋಲಿಯೊ ಎಂದರೆ ಜನ ಅಯ್ಯೋ ಪಾಪ ಅಂದು ಸುಮ್ಮನಾಗುತ್ತಾರೆ, ಮುಂದಿನ ಪ್ರಶ್ನೆ ಬರುವುದಿಲ್ಲ. ನನಗಿರುವುದು ಹಿಮೋಫಿಲಿಯಾ. ರಕ್ತ ಹೆಪ್ಪುಗಟ್ಟಲು ಬೇಕಾದ ಒಂದು ಅಂಶ ನನ್ನ ಮೈಯಲ್ಲಿ ಹುಟ್ಟಿನಿಂದಲೇ ಇಲ್ಲದಷ್ಟು ಕಡಿಮೆ. ಗಾಯವಾದರೆ ರಕ್ತ ಬೇಗ ನಿಲ್ಲುವುದಿಲ್ಲ. ಗಾಯವಾಗದಿದ್ದರೂ ಕೀಲುಗಳ ಒಳಗೆ ತಾನೇ ಸುರಿದು ಊದಿಕೊಳ್ಳುತ್ತದೆ.

ಈ ರೋಗದ ಜೊತೆ ಬದುಕುವುದು ನನಗೆ ರೂಢಿಯಾಗಿದೆ. ನಾನು ಬರೆಯಹೊರಟಿರುವುದು ನನ್ನ ಮೊಣಕಾಲಿನ ಬಗ್ಗೆ ಕಡಿಮೆ, ನನ್ನ ತಂಗಿ ಜಗದೇವಿಯ ಬಗ್ಗೆ ಹೆಚ್ಚು. ಬರೆಯಲು ಅವಳ ಒಪ್ಪಿಗೆ ಇದೆ. “ಬರಿ ಅಣ್ಣಾ. ನಮ್ಮಂಗ ಮತ್ತ್ಯಾರರ ಇದ್ರ ಓದ್ತಾರ,” ಅಂದಳು.

ನಮ್ಮದು ಆಳಂದ ತಾಲೂಕಿನ ಮಟಕಿ. ಆರು ವರ್ಷದವನಿದ್ದಾಗ ನಿಂತ ಬಂಡಿಯ ಮೇಲಿಂದ ಜಿಗಿದೆ. ಸಂಜೆಗೆ ಮೊಣಕಾಲು ಊದಿತು. ಎಲುಬು ಸರಿಮಾಡುವವನೊಬ್ಬ ಬಿಸಿ ಎಣ್ಣೆ ಹಚ್ಚಿ ತಿಕ್ಕಿದ, ಇನ್ನಷ್ಟು ಊದಿತು. ಮೂರನೆಯ ದಿನ ಅಪ್ಪ ನನ್ನನ್ನು ಎತ್ತಿಕೊಂಡು ಸೊಲ್ಲಾಪುರದ ದೊಡ್ಡ ದವಾಖಾನೆಗೆ ಹೋದ. ಅದು ಎಪ್ಪತ್ತರ ದಶಕದ ಮೊದಲ ಭಾಗ. ಆ ವಾರ್ಡಿನಲ್ಲಿ ನಾವು ಹದಿನೆಂಟು ದಿನ ಇದ್ದೆವು. ನನ್ನ ಕಾಲಿನ ಕಡೆ ಒಂದು ಮರದ ಪೆಟ್ಟಿಗೆ ಬೋರಲು ಹಾಕಿ, ಹೊದಿಕೆ ಕಾಲಿಗೆ ತಾಗದಂತೆ ಮಾಡಿದ್ದರು. ಹಾಗೆ ಮಾಡಲು ಹೊಳೆದದ್ದು ಡಾಕ್ಟರಿಗಲ್ಲ, ನೆಲ ಒರೆಸಲು ಬರುತ್ತಿದ್ದ ಒಬ್ಬ ಮುದುಕಿಗೆ. ಅವಳ ಹೆಸರು ನಾವು ಕೇಳಲಿಲ್ಲ.

ರೋಗದ ಹೆಸರು ಗೊತ್ತಾದ ದಿನ ಡಾಕ್ಟರು ಅವ್ವನನ್ನು ಕರೆದು, ಅರ್ಧ ಮರಾಠಿ ಅರ್ಧ ಕನ್ನಡದಲ್ಲಿ ಕೇಳಿದರು: ನಿಮ್ಮ ತವರಿನಲ್ಲಿ ಯಾರಾದರೂ ಗಂಡುಮಗು ರಕ್ತ ಹೋಗಿ ತೀರಿಕೊಂಡಿದೆಯೇ? ಅವ್ವ ತನ್ನ ತಮ್ಮನ ವಿಷಯ ಹೇಳಿದಳು. ಐದನೆಯ ವರ್ಷದಲ್ಲಿ ಕಿವಿ ಚುಚ್ಚಿಸಿದ್ದರು, ರಕ್ತ ನಿಲ್ಲಲೇ ಇಲ್ಲ. ಯಾರದೋ ದೃಷ್ಟಿ ತಾಗಿತು ಎಂದು ಮನೆಯವರು ನಂಬಿದ್ದರು. ಡಾಕ್ಟರು ಚೀಟಿಯ ಹಿಂದೆ ಹೆಂಗಸರಿಗೆ ದುಂಡು, ಗಂಡಸರಿಗೆ ಚೌಕ ಬರೆದು ನಡುವೆ ಗೆರೆ ಎಳೆದರು. ಅವ್ವನಿಗೆ ಓದಲು ಬರುತ್ತಿರಲಿಲ್ಲ. ಆದರೂ ಒಂದು ಗೆರೆಯ ಮೇಲೆ ಬೆರಳಿಟ್ಟು ಕೇಳಿದಳು:

“ಈ ಗೀಟು ನಂದೇನ್ರೀ ಸಾಹೇಬ್ರ?”

“ಹೌದು. ಆದರೆ ತಪ್ಪು ನಿಮ್ಮದಲ್ಲ.”

ಮೊದಲನೆಯ ಮಾತು ಅವ್ವನ ಜೊತೆ ಊರಿಗೆ ಬಂತು, ಎರಡನೆಯದು ಬರಲಿಲ್ಲ. ಅಪ್ಪನ ಅಕ್ಕ, ನಮ್ಮ ಸೋದರತ್ತೆ, ಪಡಸಾಲೆಯಲ್ಲಿ ಕೂತು ಎಲ್ಲರಿಗೂ ಕೇಳುವಂತೆ ಹೇಳಿದಳು: “ನಮ್ಮ ಮನ್ಯಾಗ ಇಂಥಾ ಬ್ಯಾನಿ ಇದ್ದಿಲ್ಲ. ಹೊರಗಿಂದ ಬಂದಾದ.” ಹೊರಗಿನಿಂದ ಬಂದವಳು ಅವ್ವ. ಅಪ್ಪ ಅಕ್ಕನಿಗೆ ಎದುರಾಡಲಿಲ್ಲ, ಹೆಂಡತಿಯನ್ನು ಬೈಯಲೂ ಇಲ್ಲ. ಆ ವರ್ಷವೇ ಜಗದೇವಿ ಹುಟ್ಟಿದಳು. ಹೆಣ್ಣು ಎಂದು ಗೊತ್ತಾದಾಗ ಅವ್ವ ದೇವರ ಜಗುಲಿಗೆ ಕೈ ಮುಗಿದಳಂತೆ.

ನಾನು ಶಾಲೆಗೆ ಹೋದೆ, ಆಟಕ್ಕೆ ಹೋಗಲಿಲ್ಲ. ಎಸ್ಸೆಸ್ಸೆಲ್ಸಿ ಆದ ಮೇಲೆ ಗುಲಬರ್ಗಾದಲ್ಲಿ ಟೈಪಿಂಗ್ ಕಲಿತು, ಜೇವರ್ಗಿಯ ತಹಶೀಲ್ ಕಚೇರಿಯ ಎದುರು ಒಂದು ಟೇಬಲ್ ಹಾಕಿದೆ. ಅರ್ಜಿ, ತಕರಾರು, ಪಹಣಿ ತಿದ್ದುಪಡಿ ಟೈಪ್ ಮಾಡುತ್ತಿದ್ದೆ. ಬೆರಳ ಕೀಲುಗಳಿಗೆ ಈ ರೋಗ ಅಷ್ಟಾಗಿ ಬರುವುದಿಲ್ಲ, ಅದೊಂದು ಅನುಕೂಲ. ವರ್ಷಕ್ಕೆ ಐದಾರು ಸಲ ಮೊಣಕಾಲೋ ಮೊಣಕೈಯೋ ಊದಿ ಮಲಗುತ್ತಿದ್ದೆ. ನನ್ನ ಟೇಬಲ್ ಖಾಲಿ ಕಂಡ ದಿನ ರಸ್ತೆಯಾಚೆಯ ಸೋಡಾ ಅಂಗಡಿಯ ಮಹಿಬೂಬಸಾಬ ಗೋಣಿಚೀಲದಲ್ಲಿ ಐಸು ಸುತ್ತಿಕೊಂಡು ನನ್ನ ಖೋಲಿಗೆ ತಾನೇ ಬರುತ್ತಿದ್ದ. “ಉಸ್ತಾದ್, ಕೈಯೋ ಕಾಲೋ?” ಎಂದಷ್ಟೇ ಕೇಳುತ್ತಿದ್ದ. ಐಸಿಗೂ ನಿಲ್ಲದಿದ್ದರೆ ಗುಲಬರ್ಗಾಕ್ಕೆ ಹೋಗಿ ಪ್ಲಾಸ್ಮಾ ಹಾಕಿಸಿಕೊಳ್ಳಬೇಕಿತ್ತು. ನನ್ನ ಮದುವೆಯ ಮಾತು ಯಾರೂ ಎತ್ತಲಿಲ್ಲ. ನಾನೂ ಎತ್ತಲಿಲ್ಲ.

ಜಗದೇವಿಯನ್ನು ಅಫಜಲಪುರ ತಾಲೂಕಿನ ಗೊಬ್ಬೂರಿಗೆ ಕೊಟ್ಟರು. ಗಂಡ ಅಣವೀರಪ್ಪ ಪ್ರಾಥಮಿಕ ಶಾಲೆಯ ಮಾಸ್ತರ. ಮಾತು ಪಕ್ಕಾ ಮಾಡಲು ಬಂದ ದಿನ ಅವನ ತಾಯಿ ನನ್ನ ಕಾಲು ನೋಡಿ ಕೇಳಿದಳು. ಅಪ್ಪ “ಪೋಲಿಯೊರಿ” ಎಂದ. ನಾನು ಅಲ್ಲೇ ಕೂತಿದ್ದೆ, ಬಾಯಿ ಬಿಡಲಿಲ್ಲ. ಅಪ್ಪ ಈಗ ಇಲ್ಲ. ಆ ಸುಳ್ಳನ್ನು ಅವನೊಬ್ಬನ ಲೆಕ್ಕಕ್ಕೆ ಹಾಕುವುದು ಸರಿಯಲ್ಲ ಎಂದು ಇದನ್ನು ಹೇಳುತ್ತಿದ್ದೇನೆ.

ಮದುವೆಯಾಗಿ ಮೂರು ವರ್ಷಕ್ಕೆ ಜಗದೇವಿ ಬಸಿರಾದಳು. ಅದೇ ದಿನಗಳಲ್ಲಿ ನಾನು ಮೊಣಕೈ ಊದಿ ಗುಲಬರ್ಗಾದ ದವಾಖಾನೆಯಲ್ಲಿದ್ದೆ. ಸೂಜಿ ಚುಚ್ಚಿ ಬಾಟಲಿ ನೇತುಹಾಕಿದ ಮೇಲೆ ಡಾಕ್ಟರು ಸುಮ್ಮನೆ ಮಾತಿಗೆಂದು, ಅಕ್ಕತಂಗಿಯರು ಇದ್ದಾರೆಯೇ ಎಂದು ಕೇಳಿದರು. ಒಬ್ಬಳಿದ್ದಾಳೆ, ಈಗ ನಾಲ್ಕು ತಿಂಗಳು ಎಂದೆ. ಅವರು ಸ್ಟೂಲು ಎಳೆದುಕೊಂಡು ಕೂತರು.

ಅವರು ಹೇಳಿದ್ದು ಇಷ್ಟು. ಅವ್ವನ ರಕ್ತದಲ್ಲಿ ಈ ದೋಷ ಇರುವುದು ಖಚಿತ. ಅದು ಜಗದೇವಿಗೆ ಬಂದಿರಲೂಬಹುದು, ಬರದಿರಲೂಬಹುದು, ಅರ್ಧಕ್ಕರ್ಧ. ಬಂದಿದ್ದರೆ ಅವಳಿಗೆ ಏನೂ ಆಗುವುದಿಲ್ಲ, ಆದರೆ ಅವಳ ಗಂಡುಮಕ್ಕಳಿಗೆ ಮತ್ತೆ ಅರ್ಧಕ್ಕರ್ಧ. ಅವಳಿಗೆ ಬಂದಿದೆಯೋ ಇಲ್ಲವೋ ನೋಡಲು ಆಗ ಇದ್ದ ರಕ್ತಪರೀಕ್ಷೆ ಬಸಿರಿನಲ್ಲಿ ಸರಿಯಾಗಿ ಹೇಳುವುದಿಲ್ಲ. “ಗಂಡೋ ಹೆಣ್ಣೋ ನೋಡಿಸಿಕೊಳ್ಳಬಹುದು. ಹೆಣ್ಣಾದರೆ ಚಿಂತೆಯಿಲ್ಲ. ಗಂಡಾದರೆ ನೀವು ಯೋಚನೆ ಮಾಡಬೇಕಾಗುತ್ತದೆ,” ಎಂದರು. ಆಗ ನಮ್ಮ ಕಡೆ ಅಂಥ ಪರೀಕ್ಷೆಗೆ ಕಾನೂನಿನ ತಡೆ ಇನ್ನೂ ಬಂದಿರಲಿಲ್ಲ.

ಕೈಗೆ ಪಟ್ಟಿ ಕಟ್ಟಿಸಿಕೊಂಡು ದವಾಖಾನೆಯಿಂದಲೇ ನೇರ ಗೊಬ್ಬೂರಿನ ಬಸ್ಸು ಹತ್ತಿದೆ. ಜಗದೇವಿಯ ಅತ್ತೆ ಹೊಲಕ್ಕೆ ಹೋಗಿದ್ದಳು. ಗಂಡ ಹೆಂಡತಿ ಇಬ್ಬರನ್ನೂ ಕೂಡಿಸಿ, ಡಾಕ್ಟರು ಹೇಳಿದ್ದನ್ನು ಹೇಳಿದೆ. ಅಣವೀರಪ್ಪ ನನ್ನ ಕಾಲು ನೋಡಿದ.

“ಪೋಲಿಯೊ ಅಂತ ಹೇಳಿದ್ರಲ್ರಿ ಅಣ್ಣಾರ.”

“ಸುಳ್ಳ ಹೇಳಿದ್ವಿ.”

“ನಿನಗ ಗೊತ್ತಿತ್ತೇನ?” ಎಂದು ಹೆಂಡತಿಯನ್ನು ಕೇಳಿದ.

“ಅಣ್ಣನ ಬ್ಯಾನಿ ಗೊತ್ತಿತ್ತು. ನನ್ನ ಹೊಟ್ಟಿಗೆ ಬರ್ತದ ಅಂತ ಗೊತ್ತಿದ್ದಿಲ್ಲ,” ಎಂದಳು. ಅದು ಪೂರ್ತಿ ನಿಜವೋ ಅಲ್ಲವೋ ಅವಳಿಗೇ ತಿಳಿದಿರಲಿಲ್ಲವೆಂದು ಆಮೇಲೆ ನನ್ನ ಹತ್ತಿರ ಹೇಳಿದಳು.

ಅಣವೀರಪ್ಪ ಎದ್ದು ಹೊರಗೆ ಹೋದ. ದನ ಕಟ್ಟುವ ಗೂಟದ ಹತ್ತಿರ ಸ್ವಲ್ಪ ಹೊತ್ತು ನಿಂತು, ಒಳಗೆ ಬಂದು, “ಯಾವಾಗ ಹೋಗೂಣು?” ಎಂದ. ಅವನ ಬಗ್ಗೆ ನನಗೆ ಗೌರವ ಹುಟ್ಟಿದ್ದು ಆ ದಿನ.

ಗುಲಬರ್ಗಾದ ಒಂದು ಖಾಸಗಿ ಕ್ಲಿನಿಕ್ಕಿನಲ್ಲಿ ಹೊಸದಾಗಿ ಸ್ಕ್ಯಾನಿಂಗ್ ಮಶೀನು ಬಂದಿತ್ತು. ಕಾಯುವ ಖೋಲಿಯಲ್ಲಿ ಇಪ್ಪತ್ತಕ್ಕೂ ಹೆಚ್ಚು ಹೆಂಗಸರು, ಪಕ್ಕದಲ್ಲಿ ಅತ್ತೆಯರು. ಯಾಕೆ ಬಂದಿದ್ದೇವೆ ಎಂದು ಯಾರೂ ಮುಚ್ಚಿಡುತ್ತಿರಲಿಲ್ಲ. ಜಗದೇವಿಯ ಪಕ್ಕ ಎರಡು ಹೆಣ್ಣುಮಕ್ಕಳ ತಾಯೊಬ್ಬಳು ಕೂತಿದ್ದಳು.

“ನಿಂದು ಎಷ್ಟನೇದು ತಂಗಿ?”

“ಮೊದಲನೇದ್ರಿ.”

“ಮೊದಲನೇದಕ್ಕೇ ಬಂದೀದಿ? ಫಿಕರ್ ಮಾಡಬ್ಯಾಡ. ನಿನ್ನ ಮಾರಿ ನೋಡಿದ್ರ ಗಂಡೇ ಅದ.”

ಜಗದೇವಿ ನನ್ನ ಕಡೆ ತಿರುಗಲಿಲ್ಲ. ಅಷ್ಟು ಜನರಲ್ಲಿ ಹೆಣ್ಣಾಗಲಿ ಎಂದು ಕೂತವಳು ಇವಳೊಬ್ಬಳೇ. ಅದನ್ನು ಬಾಯಿಬಿಟ್ಟು ಹೇಳುವ ಹಾಗೂ ಇರಲಿಲ್ಲ.

ಒಳಗಿಂದ ಡಾಕ್ಟರು ನಗುತ್ತ ಬಂದು ಅಣವೀರಪ್ಪನ ಕೈ ಕುಲುಕಿದರು. “ಪೇಢಾ ಕೊಡಸ್ರಿ ಮಾಸ್ತರ. ಗಂಡು.” ಅಣವೀರಪ್ಪ ಕೈ ಹಿಂದಕ್ಕೆ ತೆಗೆದುಕೊಳ್ಳದೆ ಹಾಗೇ ನಿಂತ. ನಾನು ವಿಷಯ ವಿವರಿಸಿದೆ. ಡಾಕ್ಟರ ಮುಖದ ನಗು ಹೋಗಲು ಸ್ವಲ್ಪ ಹೊತ್ತು ಹಿಡಿಯಿತು. ಮಗುವಿನದೇ ರಕ್ತ ತೆಗೆದು ನೋಡುವವರು ಬೊಂಬಾಯಿಯಲ್ಲಿದ್ದಾರೆ ಎಂದು ಅವರೇ ಟ್ರಂಕ್ ಕಾಲ್ ಹಚ್ಚಿ ವಿಚಾರಿಸಿದರು. ಸರದಿ ಸಿಗಲು ಮೂರು ವಾರ. ಆದರೆ ಇಪ್ಪತ್ತು ವಾರ ತುಂಬಿದ ಮೇಲೆ ತೆಗೆಸಲು ಕಾನೂನು ಬಿಡುವುದಿಲ್ಲ, ಜಗದೇವಿಗೆ ಆಗಲೇ ಹದಿನೆಂಟು ದಾಟಿತ್ತು. ನಮ್ಮ ಕೈಯಲ್ಲಿ ಹತ್ತು ದಿನವೂ ಇರಲಿಲ್ಲ.

ಆ ರಾತ್ರಿ ಊರಿಗೆ ಹೋಗದೆ ಒಂದು ಲಾಡ್ಜಿನಲ್ಲಿ ಉಳಿದೆವು. ಬೆಳಗ್ಗೆ ಚಹಾ ಕುಡಿಯುವಾಗ ಅಣವೀರಪ್ಪ ಕೇಳಿದ:

“ಅಣ್ಣಾರ, ನೀವು ಹೇಳ್ರಿ. ನಿಮ್ಮ ಬಿಟ್ರ ಇದರಾಗ ತಿಳದವರು ಯಾರೂ ಇಲ್ಲ. ನಿಮ್ಮಂಗ ಬದುಕೂದು ಹ್ಯಾಂಗ ಇರ್ತದ?”

ಕೇಳುವುದಾದರೆ ಅವನು ಬೇರೆ ಯಾರನ್ನು ಕೇಳಬೇಕಿತ್ತು? ಆದರೂ ಆ ಪ್ರಶ್ನೆಗೆ ನಾನು ತಯಾರಿರಲಿಲ್ಲ. ಸುಳ್ಳು ಹೇಳಬಾರದು ಎಂದಷ್ಟೇ ಗೊತ್ತಿತ್ತು. ಮೊಣಕಾಲು ಊದಿದಾಗ ಹಾಸಿಗೆಯ ಪಕ್ಕ ಯಾರಾದರೂ ನಡೆದರೂ ನೋವಾಗುತ್ತದೆ ಎಂದೆ. ಅವ್ವ ನನ್ನ ಕಾಲು ನೋಡುತ್ತ ಕಳೆದ ದಿನಗಳು ನನ್ನ ನೋವಿನ ದಿನಗಳಿಗಿಂತ ಹೆಚ್ಚಿರಬಹುದು ಎಂದೆ. ಆಮೇಲೆ ಇದನ್ನೂ ಹೇಳಿದೆ: “ಆದ್ರ ನಾ ಹುಟ್ಟಬಾರದಿತ್ತು ಅಂತ ನನಗ ಒಂದಿನಾನೂ ಅನಿಸಿಲ್ಲ. ನನ್ನ ಕೆಲಸ ಅದ, ನಾಲ್ಕು ಮಂದಿ ದೋಸ್ತರು ಅದಾರ. ಊಟ ರುಚಿ ಹತ್ತತದ.”

“ಹಂಗಾರ ಇಟ್ಕೋರಿ ಅಂತೀರೇನ?”

“ಅದು ನಾ ಹೇಳಲಾರೆ.”

ಜಗದೇವಿ ಅಷ್ಟೂ ಹೊತ್ತು ಲೋಟ ಹಿಡಿದು ಕೂತಿದ್ದಳು. ಚಹಾ ಕುಡಿದಿರಲಿಲ್ಲ. “ಅವ್ವಗ ಗೊತ್ತಿದ್ದಿಲ್ಲ, ಗೊತ್ತಿಲ್ದ ತಾಳಿಕೊಂಡಳು,” ಎಂದಳು. “ನನಗ ಗೊತ್ತದ. ಗೊತ್ತಿದ್ದೂ ಒಂದು ಕೂಸಿನ ಮ್ಯಾಲ ಹಾಕಿ, ಆಮ್ಯಾಗ ಅದರ ಕಾಲ ನೋಡಕೋತ ಕೂಡೂದು ನನ್ನ ಕಡಿಂದ ಆಗೂದಿಲ್ಲ ಅಣ್ಣಾ.”

ಮರುದಿನ ಬೇರೊಂದು ದವಾಖಾನೆಯಲ್ಲಿ ಅವಳನ್ನು ಒಳಗೆ ಕರೆದುಕೊಂಡು ಹೋದರು. ನಾವಿಬ್ಬರೂ ಹೊರಗಿನ ಬೆಂಚಿನ ಮೇಲೆ ಕೂತೆವು. ಅಣವೀರಪ್ಪ ಹೇಳಿದ:

“ನಾನು ಶಾಲ್ಯಾಗ ಲೆಕ್ಕ ಕಲಸ್ತೀನ್ರಿ. ಅರ್ಧದಾಗ ಅರ್ಧ ಅಂದ್ರ ನಾಲ್ಕರಾಗ ಒಂದು. ಉಳದ ಮೂರು ದೊಡ್ಡದು ಅಂತ ಮಕ್ಕಳಿಗೆ ಹೇಳ್ತೀನಿ.”

ಆ ಮಾತನ್ನು ಅವನು ಹೆಂಡತಿಯ ಮುಂದೆ ಇವತ್ತಿನವರೆಗೂ ಆಡಿಲ್ಲ.

ಗೊಬ್ಬೂರಿನಲ್ಲಿ ಅವನ ತಾಯಿಗೆ, ಸೊಸೆಯ ಬಸಿರು ನಿಲ್ಲದೆ ತಾನೇ ಹೋಯಿತು ಎಂದು ಹೇಳಿದರು. ಆ ಹೆಂಗಸು ಅವಳಿಗೆ ಒಂದು ತಿಂಗಳು ಬಿಸಿನೀರು ಕಾಸಿಕೊಟ್ಟು, ಕೊಡ ಎತ್ತಗೊಡದೆ ನೋಡಿಕೊಂಡಳು. ನಮ್ಮ ಅವ್ವನಿಗೆ ಮಾತ್ರ ನಿಜ ಹೇಳಿದೆವು. ಅವಳು ಬೈಯಬಹುದು ಎಂದುಕೊಂಡಿದ್ದೆ. ಅವ್ವ ಕೇರುತ್ತಿದ್ದ ಮೊರ ಕೆಳಗಿಟ್ಟು, “ನಿನ್ನ ಹೊತ್ತಾಗ ನನಗ ಯಾರೂ ಹೇಳಲಿಲ್ಲಪ್ಪಾ. ಹೇಳಿದ್ರ ನಾ ಏನ ಮಾಡ್ತಿದ್ದೆನೋ, ಅದೂ ಗೊತ್ತಿಲ್ಲ,” ಎಂದಳು.

ಜೇವರ್ಗಿಗೆ ಮರಳಿ ಟೈಪ್ ಮಾಡಲು ಕೂತೆ. ಆ ತಿಂಗಳು ನನ್ನ ಮೈಗೆ ಏನೂ ಆಗಲಿಲ್ಲ, ಒಂದು ಕೀಲೂ ಊದಲಿಲ್ಲ. ಆದರೆ ಕೆಲಸದ ನಡುವೆ ಕೈ ನಿಲ್ಲುತ್ತಿತ್ತು. ತೆಗೆಸಿದ್ದು ನನ್ನಂಥವನನ್ನು ಎಂಬ ಯೋಚನೆ ಬರುತ್ತಿತ್ತು. ಕೂಡಲೇ, ಇಲ್ಲ, ನಾಲ್ಕರಲ್ಲಿ ಮೂರು ಪಾಲು ಅವನು ನನ್ನಂಥವನಲ್ಲ ಎಂಬ ಯೋಚನೆ ಬರುತ್ತಿತ್ತು. ಎರಡರಲ್ಲಿ ಯಾವುದು ಹೆಚ್ಚು ಸಹಿಸಲಾಗದ್ದು ಎಂದು ತೀರ್ಮಾನಿಸಲು ಆಗಲಿಲ್ಲ.

ಎರಡು ವರ್ಷದ ಮೇಲೆ ಜಗದೇವಿ ಮತ್ತೆ ಬಸಿರಾದಳು. ಅದೇ ಕ್ಲಿನಿಕ್ಕಿಗೆ ಹೋದಳು. ಈ ಸಲ ಹೆಣ್ಣು. ಅವಳು ಹೊರಗೆ ಬಂದು ಅಳುತ್ತಿದ್ದಾಗ, ಕಾಯುತ್ತಿದ್ದ ಹೆಂಗಸರು ಮುಂದಿನ ಸಲ ಗಂಡಾಗುತ್ತದೆ ಎಂದು ಸಮಾಧಾನ ಮಾಡಿದರಂತೆ. ಹುಟ್ಟಿದ ಮಗುವಿಗೆ ಸುವರ್ಣಾ ಎಂದು ಹೆಸರಿಟ್ಟರು.

ಸುವರ್ಣಾಳಿಗೆ ಎರಡು ವರ್ಷವಿದ್ದಾಗ ನನ್ನ ಮೊಣಕಾಲಿಗೆ ದೊಡ್ಡ ಹೊಡೆತ ಬಿತ್ತು, ಇಪ್ಪತ್ತು ದಿನ ಏಳಲಾಗಲಿಲ್ಲ. ಜಗದೇವಿ ಮಗಳನ್ನು ಕಟ್ಟಿಕೊಂಡು ಜೇವರ್ಗಿಗೆ ಬಂದು ನನ್ನ ಖೋಲಿಯಲ್ಲಿ ಉಳಿದಳು. ಗುಲಬರ್ಗಾದ ದವಾಖಾನೆಗೆ ಆಗ ಒಬ್ಬ ಹೊಸ ಲೇಡಿ ಡಾಕ್ಟರು ಬಂದಿದ್ದರು. ನನ್ನ, ಅವ್ವನ, ತಂಗಿಯ ರಕ್ತ ತೆಗೆದು ಬೊಂಬಾಯಿಗೆ ಕಳಿಸಿದರೆ, ಮೂವರದನ್ನೂ ಹೋಲಿಸಿ, ತಂಗಿಗೆ ದೋಷ ಬಂದಿದೆಯೋ ಇಲ್ಲವೋ ಈಗ ಹೆಚ್ಚುಕಡಿಮೆ ಖಚಿತವಾಗಿ ಹೇಳುತ್ತಾರೆ ಎಂದು ಅವರು ನನಗೆ ಹೇಳಿದ್ದರು. ಅದನ್ನು ಜಗದೇವಿಗೆ ಹೇಳಿದೆ. ಅವಳು ನನ್ನ ಮೊಣಕಾಲಿನ ಮೇಲೆ ಐಸಿನ ಬಟ್ಟೆ ಬದಲಿಸುತ್ತಿದ್ದಳು.

“ನನಗ ಬ್ಯಾಡ.”

“ಯಾಕ? ಮುಂದ ಇನ್ನೊಂದು ಆಗೂದಿದ್ರ—”

“ಇನ್ನೊಂದು ಬ್ಯಾಡ. ಪರೀಕ್ಷಾನೂ ಬ್ಯಾಡ.” ಬಟ್ಟೆ ಕೈಗೆ ತೆಗೆದುಕೊಂಡು ಹೇಳಿದಳು: “ನನ್ನಾಗ ಅದು ಇಲ್ಲ ಅಂತ ಬಂದ್ರ? ಆಗ ನಾ ಏನ್ ಮಾಡ್ಲಿ?”

ನನಗೆ ಅದು ಹೊಳೆದೇ ಇರಲಿಲ್ಲ. ಅವಳಲ್ಲಿ ದೋಷ ಇಲ್ಲವೆಂದು ಬಂದರೆ ಆ ಮಗುವಿನಲ್ಲೂ ಇರಲಿಲ್ಲ. ನಾಲ್ಕರಲ್ಲೊಂದು ಎಂಬ ಅಳತೆ ಉಳಿಯುವುದಿಲ್ಲ.

ಬಟ್ಟೆ ಹಿಂಡಿ ಮತ್ತೆ ಹಾಕಿ ಅವಳು ಕೇಳಿದಳು: “ಖರೇ ಹೇಳು. ನಾ ನಿನ್ನನ್ನೇ ಬ್ಯಾಡ ಅಂದೆ ಅಂತ ನಿನಗ ಅನಿಸ್ತೇನ?”

“ಆಗ ಒಂದು ತಿಂಗಳು ಅನಿಸಿತ್ತು,” ಎಂದೆ.

“ಈಗ?”

“ಈಗ ಐಸ ಹಚ್ಚಾಕತ್ತೀದಿ. ಹ್ಯಾಂಗ ಅನಿಸ್ತದ?”

ಅವಳು ಅತ್ತಳು. ಸುವರ್ಣಾ ನನ್ನ ಟೈಪ್‌ರೈಟರಿನ ಗುಂಡಿಗಳನ್ನು ಒತ್ತಿ ಅಕ್ಷರದ ಕಡ್ಡಿಗಳನ್ನೆಲ್ಲ ಒಂದರ ಮೇಲೊಂದು ಸಿಕ್ಕಿಸಿ ಇಟ್ಟಳು. ಅವನ್ನು ಬಿಡಿಸಲು ಇಬ್ಬರಿಗೂ ಅರ್ಧ ಗಂಟೆ ಹಿಡಿಯಿತು.

ಆಮೇಲೆ ಬಹಳ ದಿನ ಆ ಮಾತು ಬರಲಿಲ್ಲ. ಸುವರ್ಣಾ ಶಾಲೆಗೆ ಸೇರಿದ ವರ್ಷ ಶಾಲೆಯಲ್ಲಿ ಲಸಿಕೆಯ ಸೂಜಿ ಹಾಕಿದರು. ರಟ್ಟೆ ಸ್ವಲ್ಪ ನೀಲಿಯಾಯಿತು. ಯಾವ ಮಗುವಿಗಾದರೂ ಆಗುವಂಥದು, ಎರಡು ದಿನದಲ್ಲಿ ಇಳಿಯಿತು. ಆದರೆ ಜಗದೇವಿ ಆ ಎರಡು ದಿನ ಮಗಳ ರಟ್ಟೆ ಬಿಟ್ಟು ಏನನ್ನೂ ನೋಡಲಿಲ್ಲ ಎಂದು ಅಣವೀರಪ್ಪ ಹೇಳಿದ. ಮೂರನೆಯ ದಿನ ಅವಳು ಜೇವರ್ಗಿಗೆ ಬಂದು ನನ್ನ ಟೇಬಲಿನ ಎದುರು, ಅರ್ಜಿ ಬರೆಸುವವರು ಕೂಡುವ ಬೆಂಚಿನ ಮೇಲೆ ಕೂತಳು.

“ರಕ್ತ ಕೊಡ್ತೀನಿ,” ಎಂದಳು. “ನನಗ ಇಲ್ಲಂದ್ರ ಸುವರ್ಣಾಗೂ ಇಲ್ಲ, ಹೌದಿಲ್ಲೋ?”

“ಹೌದು.”

“ಇದ್ರ?”

“ಇದ್ರ ಅಕಿಗೆ ಇರಬಹುದು, ಇಲ್ದಿರಬಹುದು. ಅದನ್ನ ಅಕಿ ದೊಡ್ಡಾಕಿ ಆಗಿ ಬೇಕಂದ್ರ ನೋಡಿಸಿಕೊಳ್ಳಲಿ.”

“ಆಯ್ತು. ಲಗ್ನದ ಮಾತಿನ್ಯಾಗ ನಾ ಪೋಲಿಯೊ ಅನ್ನಾಕಿ ಅಲ್ಲ. ಅಕಿಗೂ ಗೊತ್ತಿರಲಿ, ಬರವ್ರಿಗೂ ಗೊತ್ತಿರಲಿ.”

ಅವ್ವ, ನಾನು, ಜಗದೇವಿ ಮೂವರೂ ಗುಲಬರ್ಗಾಕ್ಕೆ ಹೋಗಿ ತೋಳು ಚಾಚಿದೆವು. ನನಗೆ ಸೂಜಿ ಚುಚ್ಚಿದ ಜಾಗವನ್ನು ಅವ್ವ ತನ್ನ ಹೆಬ್ಬೆರಳಿನಿಂದ ಒತ್ತಿ ಹಿಡಿದಳು. ಮೂವತ್ತು ವರ್ಷದ ರೂಢಿ. ಬೊಂಬಾಯಿಯಿಂದ ಉತ್ತರ ಬರಲು ಏಳು ವಾರ ಹಿಡಿಯಿತು. ಜಗದೇವಿ ತಾನು ಬರುವುದಿಲ್ಲ, ನೀನೇ ತಿಳಿದುಕೊಂಡು ಬಾ ಎಂದಿದ್ದಳು.

ಡಾಕ್ಟರು ಕಾಗದ ಎರಡು ಸಲ ಓದಿ ನನಗೆ ಬಿಡಿಸಿ ಹೇಳಿದರು. ಅವರಿಗೆ ಹಿಂದಿನದು ಗೊತ್ತಿರಲಿಲ್ಲ. “ಒಳ್ಳೆ ಸುದ್ದಿ. ಹೋಗಿ ತಂಗಿಗೆ ಹೇಳಿ,” ಎಂದು ಸಂತೋಷದಿಂದ ಹೇಳಿದರು.

ಗೊಬ್ಬೂರು ತಲುಪಿದಾಗ ಮಧ್ಯಾಹ್ನ. ಅಣವೀರಪ್ಪ ಶಾಲೆಯಲ್ಲಿದ್ದ, ಸುವರ್ಣಾ ಕೂಡ. ಜಗದೇವಿ ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದಳು. ನಾನು ಹೊಸ್ತಿಲ ಮೇಲೆ ಕೂತೆ.

“ಸುವರ್ಣಾಗ ಇಲ್ಲ,” ಎಂದೆ.

ಅವಳು ಹಂಚಿನ ಮೇಲಿನ ರೊಟ್ಟಿ ತಿರುವಿದಳು. “ನನಗ?”

“ನಿನಗೂ ಇಲ್ಲ.”

ಅವಳು ರೊಟ್ಟಿ ತೆಗೆದು ಬುಟ್ಟಿಗೆ ಹಾಕಿದಳು. ಒಲೆಯಿಂದ ಕಟ್ಟಿಗೆ ಹಿಂದಕ್ಕೆ ಎಳೆದು ನೀರು ಚಿಮುಕಿಸಿ ಆರಿಸಿದಳು. ಪರಾತದಲ್ಲಿ ಇನ್ನೂ ಹಿಟ್ಟು ಉಳಿದಿತ್ತು.

“ಅಂವಗೂ ಇದ್ದಿಲ್ಲ,” ಎಂದಳು.

ಅಷ್ಟು ವರ್ಷ ನಾವೆಲ್ಲ ಅದನ್ನು ಅದು ಎಂದೇ ಕರೆದಿದ್ದೆವು. ಬಾಯಿಬಿಟ್ಟು ಅಂವ ಎಂದದ್ದು ಅವಳೇ ಮೊದಲು.

“ಇದ್ದಿಲ್ಲ,” ಎಂದೆ.

ಅವಳು ಬಂದು ಹೊಸ್ತಿಲಿನ ಇನ್ನೊಂದು ಬದಿಗೆ ಕೂತಳು. ಹಿಟ್ಟಿನ ಕೈ ತೊಳೆದಿರಲಿಲ್ಲ. ಶಾಲೆ ಬಿಡಲು ಇನ್ನೂ ಎರಡು ತಾಸು ಇತ್ತು. ಸುವರ್ಣಾ ಪಾಟಿಚೀಲ ಕಾಲಿಗೆ ಬಡಿಸಿಕೊಳ್ಳುತ್ತ ಓಣಿಯ ತುದಿಯಲ್ಲಿ ಕಾಣುವವರೆಗೂ ಇಬ್ಬರೂ ಅಲ್ಲಿಂದ ಏಳಲಿಲ್ಲ.